ಬದು ದಾಟಿದ ಬೆಂಕಿ

ಪುಣೆ ಜಿಲ್ಲೆಯ ಮುಳಶಿ ತಾಲೂಕಿನ ಒಂದು ಹಳ್ಳಿಯಲ್ಲಿ ನಮ್ಮದು 30 ಗುಂಟೆ ಜಮೀನಿದೆ. ಭೋಸರಿಯ ಕಾರ್ಖಾನೆಯಲ್ಲಿ 31 ವರ್ಷ ಲೇಥ್ ಮಶಿನ್ ಮುಂದೆ ನಿಂತು ದುಡಿದದ್ದರಲ್ಲಿ ಉಳಿದ ದುಡ್ಡೆಲ್ಲ ಅದಕ್ಕೇ ಹೋಯಿತು. ಊರಿನ ಹೊಲದ ಉತಾರದಲ್ಲಿ, ಅಂದರೆ ಪಹಣಿಯಲ್ಲಿ, ನನ್ನ ಹೆಸರೂ ಇದ್ದದ್ದರಿಂದ ರೈತನೆಂದು ತೋರಿಸಿ ಖರೀದಿ ಮಾಡಲು ಬಂತು. ಇಳಿಜಾರು ಜಾಗ. ಕೆಳಗೆ ಊರವರ ಭತ್ತದ ಗದ್ದೆಗಳು, ಅವುಗಳ ಮೇಲೆ ನಮ್ಮ 40 ಮಾವಿನ ಸಸಿಗಳು. ನಮ್ಮ ಮೇಲಿನ ಬದುವಿಗೆ ಹತ್ತಿಕೊಂಡೇ ಊರಿನ ಹಿರಿಯರೊಬ್ಬರ ಹುಲ್ಲಿನ ಮಾಳ. ಅವರನ್ನು ಎಲ್ಲರೂ ಮಾಮಾ ಎನ್ನುತ್ತಾರೆ, ನಾನೂ ಹಾಗೇ ಕರೆಯುತ್ತೇನೆ. ಮಾಮಾನ ಮಾಳದ ತುದಿಯಲ್ಲಿ ಅರಣ್ಯ ಇಲಾಖೆಯ ಗಡಿಕಲ್ಲು. ಕಲ್ಲು ದಾಟಿದರೆ ಗುಡ್ಡದ ನೆತ್ತಿಯವರೆಗೂ ರಿಸರ್ವ್ ಫಾರೆಸ್ಟ್.

ಈ ಭಾಗದಲ್ಲಿ ಮಳೆ ಹಿಡಿಯಿತೆಂದರೆ ನಾಲ್ಕು ತಿಂಗಳು ಬಿಡುವುದಿಲ್ಲ. ಹುಲ್ಲು ಎದೆಮಟ್ಟ ಬೆಳೆಯುತ್ತದೆ. ದೀಪಾವಳಿ ಮುಗಿಯುವಷ್ಟರಲ್ಲಿ ತುದಿ ಕೆಂಪಾಗಿ, ಸಂಕ್ರಾಂತಿಗೆ ಬುಡದವರೆಗೂ ಒಣಗಿ, ಫೆಬ್ರುವರಿಯಲ್ಲಿ ಮುಟ್ಟಿದರೆ ಸಾಕು ಪಟಪಟ ಮುರಿಯುತ್ತದೆ. ಇದನ್ನು ಏನು ಮಾಡಬೇಕು ಎಂದು ಯಾರನ್ನು ಕೇಳಿದರೂ ಒಂದೇ ಉತ್ತರ: ಸುಟ್ಟುಬಿಡಿ. ಸುಟ್ಟರೆ ಮುಂದಿನ ಹುಲ್ಲು ಚೆನ್ನಾಗಿ ಬರುತ್ತದೆ, ಹಾವು ಸೇರುವುದಿಲ್ಲ, ಬೂದಿ ಗೊಬ್ಬರವಾಗುತ್ತದೆ ಎನ್ನುತ್ತಾರೆ. ಭತ್ತದ ಬೀಜ ಚೆಲ್ಲುವ ಮಡಿಯ ಮೇಲೆ ಟೊಂಗೆ, ತರಗು, ಸಗಣಿ ಹರವಿ ಬೇಸಿಗೆಯಲ್ಲಿ ಸುಡುವ ರೂಢಿಯೂ ಇಲ್ಲಿದೆ. ಅದಕ್ಕೆ ರಾಬ್ ಎನ್ನುತ್ತಾರೆ. ಕಳೆಯ ಬೀಜ ಸಾಯುತ್ತದೆ, ಸಸಿ ಕೀಳಲು ನೆಲ ಸಡಿಲವಾಗುತ್ತದೆ ಎಂದು ತಲೆತಲಾಂತರದಿಂದ ಮಾಡಿಕೊಂಡು ಬಂದದ್ದು. ಹೀಗಾಗಿ ಕಡ್ಡಿ ಗೀರುವುದು ಇಲ್ಲಿ ಯಾರಿಗೂ ದೊಡ್ಡ ವಿಷಯವಲ್ಲ.

ನನಗೂ ಆಗಿರಲಿಲ್ಲ. ನಾನು ಮುಂಡರಗಿ ಕಡೆಯವನು, ಕಪ್ಪತಗುಡ್ಡ ನೋಡುತ್ತ ಬೆಳೆದವನು. ಬೇಸಿಗೆ ರಾತ್ರಿ ಅಂಗಳದಲ್ಲಿ ಮಲಗಿದಾಗ ಗುಡ್ಡದ ಮೇಲೆ ಕೆಂಪು ದಾರ ಎಳೆದ ಹಾಗೆ ಬೆಂಕಿಯ ಸಾಲು ಕಾಣುತ್ತಿತ್ತು. ಅವ್ವ ಎಬ್ಬಿಸಿ ತೋರಿಸುವಳು, "ಏಳ್ರೋ, ಗುಡ್ಡಕ್ಕ ಬೆಂಕಿ ಬಿದ್ದೈತಿ ನೋಡ್ರಿ." ನಾವು ಎದ್ದು ನೋಡಿ ಮತ್ತೆ ಮಲಗುತ್ತಿದ್ದೆವು. ಬೆಂಕಿ ಬಿತ್ತು ಎಂದೇ ನಮ್ಮಲ್ಲಿ ಹೇಳುವುದು. ಮಳೆ ಬಿದ್ದ ಹಾಗೆ, ಸಿಡಿಲು ಬಿದ್ದ ಹಾಗೆ ಅದೂ ಬೀಳುತ್ತದೆ ಎಂದು ನಾನು ಎಷ್ಟೋ ವರ್ಷ ತಿಳಿದಿದ್ದೆ.

ಕಳೆದ ವರ್ಷ ಮಾರ್ಚ್ ತಿಂಗಳ ಮೊದಲ ಶನಿವಾರ. ಹಿಂದಿನ ದಿನ ಆಳುಗಳು ಹುಲ್ಲು ಕೊಯ್ದು ಐದು ಗುಡ್ಡೆ ಮಾಡಿ ಹೋಗಿದ್ದರು. ನಾನೂ ನನ್ನ ಹೆಂಡತಿಯೂ ಪುಣೆಯ ವಾರಜೆಯ ಮನೆಯಿಂದ ಬೆಳಿಗ್ಗೆ ಹೊರಟು, ಪೌಡಿನಲ್ಲಿ ಚಹಾ ಕುಡಿದು, ಹತ್ತೂವರೆಗೆ ಮುಟ್ಟಿದೆವು. ಗಾಳಿ ಇರಲಿಲ್ಲ. ಎರಡು ಬಕೆಟ್ ನೀರು ತುಂಬಿಟ್ಟುಕೊಂಡೆ. ಮಾಡಬೇಕಾದ ಜಾಗ್ರತೆ ಎಲ್ಲ ಮಾಡಿದ್ದೇನೆ ಎಂದು ನನಗೆ ಅನ್ನಿಸಿತ್ತು. 11 ಗಂಟೆಗೆ ಎಲ್ಲಕ್ಕಿಂತ ಕೆಳಗಿನ ಗುಡ್ಡೆಗೆ ಕಡ್ಡಿ ಗೀರಿದೆ.

ಮೊದಲ ಅರ್ಧ ಗಂಟೆ ಎಲ್ಲ ಸರಿಯಾಗಿತ್ತು. ಹೊಗೆ ನೆಟ್ಟಗೆ ಮೇಲೇರುತ್ತಿತ್ತು. ಆಮೇಲೆ ಹೊಗೆ ಗುಡ್ಡದ ಕಡೆ ವಾಲಿತು. ಬಿಸಿಲು ಏರಿದ ಹಾಗೆ ಇಳಿಜಾರಿನ ನೆಲ ಕಾಯುತ್ತದೆ, ಕಾದ ಗಾಳಿ ಮೇಲಕ್ಕೇಳುತ್ತದೆ, ಅದರ ಜಾಗಕ್ಕೆ ಕಣಿವೆಯ ಗಾಳಿ ಕೆಳಗಿನಿಂದ ನುಗ್ಗುತ್ತದೆ. ಗುಡ್ಡದ ಸೀಮೆಯಲ್ಲಿ ಇದು ದಿನಾ ಆಗುವ ಸಂಗತಿ ಎಂದು ನನಗೆ ಆಮೇಲೆ ಗೊತ್ತಾಯಿತು. ಆ ಹೊತ್ತಿನಲ್ಲಿ ಕಂಡದ್ದು ಇಷ್ಟೇ: ಉರಿಯುತ್ತಿದ್ದ ಒಂದು ಹಿಡಿ ಹುಲ್ಲು ಎದ್ದು, ನನ್ನ ತಲೆಯ ಮೇಲೆ ಹಾದು, ಬದುವಿನ ಆಚೆ ಮಾಮಾನ ಮಾಳದಲ್ಲಿ ಇಳಿಯಿತು. ಬಕೆಟ್ ಎತ್ತಿಕೊಂಡು ಓಡಿದೆ. ಬದು ಹತ್ತುವಷ್ಟರಲ್ಲಿ ಅಲ್ಲಿ ಒಂದು ಚಾಪೆಯಗಲ ಉರಿ. ನೀರು ಚೆಲ್ಲಿದೆ, ಆ ಚಾಪೆ ಆರಿತು. ತಿರುಗಿ ನೋಡಿದರೆ ಎಡಕ್ಕೆ ಇನ್ನೊಂದು, ಅದರಾಚೆ ಮತ್ತೊಂದು. ಎರಡನೆಯ ಬಕೆಟ್ ಕೆಳಗೇ ಉಳಿದಿತ್ತು.

ಇಳಿಜಾರಿನಲ್ಲಿ ಬೆಂಕಿ ಹತ್ತುವ ವೇಗವನ್ನು ಕಣ್ಣಿಂದ ನೋಡಿದವರಿಗೇ ಗೊತ್ತು. ಉರಿ ಮುಂದಕ್ಕೆ ಬಾಗಿ, ತನಗಿಂತ ಮೇಲಿರುವ ಹುಲ್ಲನ್ನು ಮೊದಲೇ ಕಾಯಿಸಿಟ್ಟುಕೊಳ್ಳುತ್ತದೆ. ಇಳಿಜಾರು ಹತ್ತು ಡಿಗ್ರಿ ಹೆಚ್ಚಿದರೆ ಬೆಂಕಿಯ ಓಟ ಸುಮಾರು ಇಮ್ಮಡಿಯಾಗುತ್ತದೆ ಎನ್ನುವ ಲೆಕ್ಕವಿದೆ. ಒಲೆಯ ಮೇಲೆ ಅಳ್ಳು ಹುರಿಯುವಾಗಿನ ಚಟಪಟ ಸದ್ದು, ಅದರ ನೂರು ಪಟ್ಟು. ಟಿಟ್ಟಿಭದ ಜೋಡಿಯೊಂದು ಮಾಳದ ಮೇಲೆ ಕೂಗುತ್ತ ಸುತ್ತು ಹಾಕುತ್ತಲೇ ಇತ್ತು. ನೆಲದ ಮೇಲೇ ಮೊಟ್ಟೆ ಇಡುವ ಹಕ್ಕಿ ಅದು, ಮಾರ್ಚ್ ಅದರ ಗೂಡಿನ ತಿಂಗಳು.

ಮಾಳದ ನಡುವೆ ಮಾಮಾ ಹುಲ್ಲಿನ ಬಣವೆ ಒಟ್ಟಿದ್ದರು. ಎರಡು ಎಮ್ಮೆ, ಒಂದು ಜೋಡಿ ಎತ್ತಿಗೆ ಮಳೆಗಾಲದವರೆಗಿನ ಮೇವು. ಬೆಂಕಿ ಬಣವೆಯ ಬುಡಕ್ಕೆ ಬಂದಾಗ ಮೊದಲು ಉರಿ ಏಳಲಿಲ್ಲ. ನೆತ್ತಿಯಿಂದ ಹಳದಿ ಹೊಗೆ ದಪ್ಪಗೆ ಬಂತು, ಬಣವೆ ಒಂದು ಪಕ್ಕಕ್ಕೆ ಕುಸಿಯಿತು, ಕುಸಿದ ಬಿರುಕಿನಿಂದ ಒಮ್ಮೆಲೇ ಆಳೆತ್ತರದ ಜ್ವಾಲೆ. ಮಾಮಾನ ಹೆಂಡತಿ ಕೊಡ ಹಿಡಿದು ಓಡಿ ಬಂದವರು ಅಲ್ಲೇ ನಿಂತುಬಿಟ್ಟರು. ಕೊಡದ ನೀರನ್ನು ಚೆಲ್ಲಲೂ ಇಲ್ಲ. ಆ ಮುಖ ನನಗೆ ಇವತ್ತಿಗೂ ಕಣ್ಣ ಮುಂದಿದೆ.

ಊರಿನಿಂದ ಹದಿನೈದು ಜನ ಬಂದರು. ದಾರಿಯಲ್ಲಿ ನೇರಳೆಯ ಹಸಿ ಟೊಂಗೆ ಮುರಿದುಕೊಂಡೇ ಬಂದಿದ್ದರು. ನಾನೂ ಒಂದು ಹಿಡಿದು ಬಡಿಯತೊಡಗಿದೆ. ಪಕ್ಕದ ಹುಡುಗ ಕೈ ಹಿಡಿದ. "ಎತ್ತಿ ಬಡಿಯಬೇಡಿ ಕಾಕಾ, ಕಿಡಿ ಹಾರ್ತದೆ. ಒತ್ತಿ ಹಿಡಿದು ಸುಟ್ಟ ಕಡೆಗೆ ಎಳೀರಿ." ಕರಿಯಾದ ನೆಲದ ಮೇಲೆ ನಿಂತು, ಉರಿಯ ಬೆನ್ನಿಗೆ ಹೋಗಬೇಕು, ಎದುರಿಗೆ ಹೋಗಬಾರದು ಎಂದೂ ಅವನೇ ಹೇಳಿದ. ಆರಿಸಲು ಎರಡೂವರೆ ಗಂಟೆ ಹಿಡಿಯಿತು. ಬೆಂಕಿ ಗಡಿಕಲ್ಲು ದಾಟಿ ಕಾಡಿನೊಳಗೆ ಒಂದು ಎಕರೆಯಷ್ಟು ಹೋಗಿ, ಇಲಾಖೆಯವರು ಮೊದಲೇ ಸವರಿಟ್ಟಿದ್ದ ಜಾಳರೇಷೆಯ ಹತ್ತಿರ ನಿಂತಿತು. ಜಾಳರೇಷೆ ಎಂದರೆ ನಮ್ಮ ಕಡೆ ಬೆಂಕಿ ರೇಖೆ ಎನ್ನುತ್ತೇವಲ್ಲ, ಅದೇ. ಅದು ಇಲ್ಲದಿದ್ದರೆ ಗುಡ್ಡವೇ ಹೋಗುತ್ತಿತ್ತು.

ನಾಲ್ಕು ಗಂಟೆಗೆ ವನರಕ್ಷಕರು ಬಂದರು. ಮೂವತ್ತರ ಒಳಗಿನ ಹೆಣ್ಣುಮಗಳು, ಬೂಟಿನ ತುಂಬ ಬೂದಿ. ಅವತ್ತು ಅವರಿಗೆ ಅದು ಎರಡನೆಯ ಬೆಂಕಿಯಂತೆ. ಇಲ್ಲಿ ಅಕ್ಕ ಎನ್ನುವುದಕ್ಕೆ ತಾಈ ಎನ್ನುತ್ತಾರೆ. "ತಾಈ, ಸಣ್ಣದಾಗಿ ಹಚ್ಚಿದ್ದೆ" ಎಂದು ಶುರು ಮಾಡಿದೆ. ಅವರು ಏನೂ ಹೇಳದೆ ಫೋನ್ ತೆಗೆದು ಒಂದು ಸಂದೇಶ ತೋರಿಸಿದರು. ಅಕ್ಷಾಂಶ, ರೇಖಾಂಶ, ಸಮಯ. ಡೆಹ್ರಾಡೂನಿನ ಭಾರತೀಯ ಅರಣ್ಯ ಸರ್ವೇಕ್ಷಣ ಸಂಸ್ಥೆ 2004ರಿಂದ ಉಪಗ್ರಹದ ಮಾಹಿತಿ ಹಿಡಿದು ಕಾಡಿನ ಬೆಂಕಿಯ ಎಚ್ಚರಿಕೆ ಕಳಿಸುತ್ತ ಬಂದಿದೆ. ಸುವೋಮಿ ಎನ್‌ಪಿಪಿ ಎಂಬ ಉಪಗ್ರಹ ಮಧ್ಯಾಹ್ನ ಒಂದೂವರೆ ಸುಮಾರಿಗೊಮ್ಮೆ, ರಾತ್ರಿ ಒಂದೂವರೆ ಸುಮಾರಿಗೊಮ್ಮೆ ನಮ್ಮ ತಲೆಯ ಮೇಲೆ ಹಾಯುತ್ತದೆ. ಅದು ಒಂದು ಚುಕ್ಕೆಗೆ 375 ಮೀಟರ್ ಲೆಕ್ಕದಲ್ಲಿ ನೆಲದ ಬಿಸಿ ಅಳೆಯುತ್ತದೆ. ಅವತ್ತು ಮಧ್ಯಾಹ್ನದ ಆ ಚುಕ್ಕೆಗಳಲ್ಲಿ ಒಂದು ನನ್ನದು.

ಸ್ಥಳದಲ್ಲೇ ಪಂಚನಾಮೆ ಆಯಿತು. ಊರಿನ ಇಬ್ಬರು ಪಂಚರು, ಟೇಪು, ಗಡಿಕಲ್ಲಿನ ನಂಬರು, ಸುಟ್ಟ ಜಾಗದ ನಕಾಶೆ. ಸೋಮವಾರ ಆಧಾರ್, ಸಾತ್‌ಬಾರಾ ಉತಾರ ತೆಗೆದುಕೊಂಡು ಕಚೇರಿಗೆ ಬರಲು ಹೇಳಿದರು.

ರಾತ್ರಿ ಊರಿಗೆ ಫೋನ್ ಮಾಡಿದರೆ ಅಣ್ಣ ನಂಬಲಿಲ್ಲ. "ತಮ್ಮಾ, ನಿನ್ನ ಹೊಲದಾಗಿನ ಕಸ ನೀ ಸುಟ್ಟರ ಕೇಸ್ ಹೆಂಗಾಕ್ಕೈತಿ?" ನಾನೂ ಅದೇ ಪ್ರಶ್ನೆ ಹಿಡಿದುಕೊಂಡೇ ಸೋಮವಾರ ಹೋದೆ.

ಜಬಾಬು ಬರೆದುಕೊಡಬೇಕಿತ್ತು, ಮರಾಠಿಯಲ್ಲಿ. ನನ್ನ ಮರಾಠಿ ಕಾರ್ಖಾನೆಯ ಮರಾಠಿ, ಬರೆಯುವ ರೂಢಿ ಕಡಿಮೆ. "ಹುಲ್ಲಿನ ಗುಡ್ಡೆಯಿಂದ ಮಾಳಕ್ಕೆ ಆಗ್ ಲಾಗಲೀ" ಎಂದು ಬರೆದೆ. ತಾಈ ಓದಿ, ಪೆನ್ನಿನ ತುದಿಯನ್ನು ಆ ಶಬ್ದದ ಕೆಳಗೆ ಇಟ್ಟರು. "ಕಾಕಾ, ಲಾಗಲೀ ಅಲ್ಲ. ಲಾವಲೀ ಅಂತ ಬರೀರಿ." ಒಂದು ಅಕ್ಷರದ ವ್ಯತ್ಯಾಸ. ಲಾಗಲೀ ಎಂದರೆ ಹತ್ತಿತು, ಲಾವಲೀ ಎಂದರೆ ಹಚ್ಚಿದೆ. ಹೊಡೆದುಹಾಕಿ ಬರೆದೆ. ಬರೆಯುವಾಗ ಅವ್ವನ "ಬಿದ್ದೈತಿ" ನೆನಪಾಯಿತು. ಅಷ್ಟು ವರ್ಷ ಕಪ್ಪತಗುಡ್ಡದ ಮೇಲೆ ಕಂಡ ಒಂದೊಂದು ಬೆಂಕಿಯ ಹಿಂದೆಯೂ ಯಾವನೋ ಒಬ್ಬ ಕಡ್ಡಿ ಹಿಡಿದಿದ್ದ. ಬೇಸಿಗೆಯಲ್ಲಿ ನಮ್ಮ ಕಾಡುಗಳಲ್ಲಿ ಬೆಂಕಿ ತಾನಾಗಿ ಹುಟ್ಟುವುದು ತೀರಾ ಅಪರೂಪ. ಕಡ್ಡಿ, ಬೀಡಿ, ಆರಿಸದೆ ಬಿಟ್ಟ ಒಲೆ, ಗದ್ದೆಯ ಬೆಂಕಿ, ಎಲ್ಲವೂ ಮನುಷ್ಯನ ಕೈಯದೇ.

ಆಮೇಲೆ ಅಣ್ಣನ ಪ್ರಶ್ನೆ ಕೇಳಿದೆ. ಅವರು ಕೋಪ ಮಾಡಿಕೊಳ್ಳದೆ ಕಾಯಿದೆಯ ಪುಸ್ತಕ ತೆಗೆದು ವಿವರಿಸಿದರು. 1927ರ ಭಾರತೀಯ ಅರಣ್ಯ ಕಾಯಿದೆಯ 26ನೇ ಕಲಂ ಕಾಡಿನೊಳಗೆ ಬೆಂಕಿ ಹಚ್ಚುವವನನ್ನು ಮಾತ್ರ ಹಿಡಿಯುವುದಿಲ್ಲ. ಕಾಡಿಗೆ ಅಪಾಯವಾಗುವ ರೀತಿಯಲ್ಲಿ ಬೆಂಕಿ ಮಾಡುವುದು, ಉರಿಯುವ ಬೆಂಕಿಯನ್ನು ಬಿಟ್ಟುಹೋಗುವುದು ಕೂಡ ಅದರಲ್ಲಿ ಬರುತ್ತದೆ. ಅರಣ್ಯಾಧಿಕಾರಿ ಗೊತ್ತುಮಾಡಿದ ಋತು ಬಿಟ್ಟು ಬೇರೆ ಕಾಲದಲ್ಲಿ ರಿಸರ್ವ್ ಫಾರೆಸ್ಟಿನೊಳಗೆ ಬೆಂಕಿ ಹೊತ್ತಿಸುವುದಷ್ಟೇ ಅಲ್ಲ, ಒಯ್ಯುವುದೂ ಅಪರಾಧ. ಕಾಡು ಅಭಯಾರಣ್ಯವಾಗಿದ್ದರೆ 1972ರ ವನ್ಯಜೀವಿ ಕಾಯಿದೆಯ 30ನೇ ಕಲಂ ಬೇರೆ. ಕಾಡು ಹತ್ತಿರ ಇಲ್ಲದೆಯೂ, ಇನ್ನೊಬ್ಬರ ಜೀವಕ್ಕೆ ಅಪಾಯವಾಗುವಂತೆ ಬೆಂಕಿಯ ವಿಷಯದಲ್ಲಿ ಅಲಕ್ಷ್ಯ ಮಾಡಿದರೆ ಭಾರತೀಯ ನ್ಯಾಯ ಸಂಹಿತೆಯ 287ನೇ ಕಲಮಿನಲ್ಲಿ 6 ತಿಂಗಳವರೆಗೆ ಜೈಲು, ಇಲ್ಲವೆ 2,000 ರೂಪಾಯಿವರೆಗೆ ದಂಡ, ಇಲ್ಲವೆ ಎರಡೂ.

ಜೈಲು, ದಂಡ ಕೇಳಿ ಹೆದರಿಕೆಯಾಯಿತು, ಸುಳ್ಳು ಹೇಳುವುದಿಲ್ಲ. ಆದರೆ ನನ್ನನ್ನು ನಿಜವಾಗಿ ಅಲ್ಲಾಡಿಸಿದ್ದು ಅದೇ 26ನೇ ಕಲಮಿನ ಮೂರನೆಯ ಉಪಕಲಂ. ಬೇಕೆಂದೇ, ಇಲ್ಲವೆ ತೀರಾ ಅಲಕ್ಷ್ಯದಿಂದ ರಿಸರ್ವ್ ಫಾರೆಸ್ಟಿಗೆ ಬೆಂಕಿ ಬಿದ್ದರೆ, ಆ ಕಾಡಿನಲ್ಲಿ ಜನಕ್ಕಿರುವ ದನ ಮೇಯಿಸುವ ಹಕ್ಕು, ಸೌದೆ ಸೊಪ್ಪಿನ ಹಕ್ಕನ್ನು ಸರಕಾರ ತನಗೆ ಸರಿಕಂಡಷ್ಟು ಕಾಲ ತಡೆಹಿಡಿಯಬಹುದು. ಅಂದರೆ ಪುಣೆಯಿಂದ ಶನಿವಾರ ಶನಿವಾರ ಬರುವ ನಾನು ಗೀರಿದ ಕಡ್ಡಿಗೆ ಇಡೀ ಊರಿನ ದನ ಗುಡ್ಡ ಹತ್ತದಂತೆ ಆಗಬಹುದಿತ್ತು. ಬೆಂಕಿ ಆರಿಸಲು ಓಡಿ ಬಂದ ಆ ಹದಿನೈದು ಮನೆಯ ದನ. ನಮ್ಮ ಊರಿನಲ್ಲಿ ಹಾಗೆ ಆಗಲಿಲ್ಲ. ಆದರೆ ಓದಿದ ಮೇಲೆ ಮರೆಯಲು ಆಗಲಿಲ್ಲ.

ಪ್ರಕರಣ ಮುಗಿಯಲು ಎರಡು ತಿಂಗಳು, ಮೂರು ಸಲ ಓಡಾಟ. ತಪ್ಪು ಒಪ್ಪಿಕೊಂಡಿದ್ದೆ, ಹಿಂದೆ ಇಂಥದ್ದು ಇರಲಿಲ್ಲ. ಅದೇ ಕಾಯಿದೆಯ 68ನೇ ಕಲಮಿನಲ್ಲಿ ಅಧಿಕಾರಿಗೆ ರಾಜಿ ಮಾಡಿಸುವ ಅಧಿಕಾರವಿದೆ. ಹಣ ಕಟ್ಟಿದೆ, ರಸೀದಿ ತೆಗೆದುಕೊಂಡೆ. ಮಾಮಾನ ಲೆಕ್ಕ ಬೇರೆ. ಚಾಕಣದ ಕಡೆಯಿಂದ ಎರಡು ಟೆಂಪೋ ಜೋಳದ ಕಣಿಕೆ ತರಿಸಿ ಅವರ ಹಟ್ಟಿಯ ಮುಂದೆ ಇಳಿಸಿದೆ. ಇಲ್ಲಿ ಅದಕ್ಕೆ ಕಡಬಾ ಎನ್ನುತ್ತಾರೆ. ಮಾಮಾ ಎಣಿಸಿ ಇಳಿಸಿಕೊಂಡರು. ಚಹಾ ಕುಡಿದು ಹೋಗಿ ಎನ್ನಲಿಲ್ಲ. ಮಳೆಗಾಲ ಮುಗಿಯುವವರೆಗೆ ನಮ್ಮ ನಡುವೆ ಮಾತು ಅಷ್ಟಕ್ಕಷ್ಟೇ ಇತ್ತು. ಅದು ನನಗೆ ದಂಡಕ್ಕಿಂತ ಭಾರವಾಗಿತ್ತು.

ಈ ನಡುವೆ ಪುಣೆಯ ನಮ್ಮ ವಸತಿ ಸೊಸೈಟಿಯಲ್ಲೂ ಒಂದು ಗಮನಕ್ಕೆ ಬಂತು. ಬೆಳಿಗ್ಗೆ ಗುಡಿಸಿದ ತರಗೆಲೆಯನ್ನು ಕಾಂಪೌಂಡಿನ ಮೂಲೆಯಲ್ಲಿ ಸುಡುವುದು ವರ್ಷಗಳ ರೂಢಿ. ನಾನೇ ಎಷ್ಟೋ ಸಲ ಅದರ ಪಕ್ಕದಲ್ಲಿ ವಾಕಿಂಗ್ ಹೋಗಿದ್ದೇನೆ. 2016ರ ಘನತ್ಯಾಜ್ಯ ನಿಯಮಗಳಲ್ಲೇ ಬೀದಿಯಲ್ಲಿ, ಬಯಲಲ್ಲಿ ಕಸ ಸುಡಬಾರದು ಎಂದಿತ್ತು. ಅದೇ ವರ್ಷ ಡಿಸೆಂಬರ್ 22ರಂದು ರಾಷ್ಟ್ರೀಯ ಹಸಿರು ನ್ಯಾಯಮಂಡಳಿ, ಬಯಲಲ್ಲಿ ಕಸ ಸುಟ್ಟರೆ 5,000 ರೂಪಾಯಿ, ದೊಡ್ಡ ಪ್ರಮಾಣದಲ್ಲಿ ಸುಟ್ಟರೆ 25,000 ರೂಪಾಯಿ ಕಟ್ಟಿಸಿಕೊಳ್ಳಬೇಕೆಂದು ಇಡೀ ದೇಶಕ್ಕೆ ಆದೇಶ ಕೊಟ್ಟಿತ್ತು. ಸೊಸೈಟಿಯ ಸಭೆಯಲ್ಲಿ ಎದ್ದು ನಿಂತು, ನನ್ನ ಕಥೆಯನ್ನೇ ಹೇಳಿ, ಸುಡುವುದನ್ನು ನಿಲ್ಲಿಸಿದೆವು. ಒಣ ಎಲೆ ಬೇಡವಾದವರನ್ನೂ, ತೋಟಕ್ಕೆ ಬೇಕಾದವರನ್ನೂ ಜೋಡಿಸುವ ಜನ ಪುಣೆಯಲ್ಲಿ ಇದ್ದಾರೆ. ಈಗ ನಮ್ಮ ಎಲೆ ಚೀಲ ತುಂಬಿ ಹೋಗುತ್ತದೆ, ಒಂದಿಷ್ಟು ನನ್ನ ಕಾರಿನ ಡಿಕ್ಕಿಯಲ್ಲಿ ಮುಳಶಿಗೂ ಬರುತ್ತದೆ.

ದಸರೆಗೆ ಮೊದಲೇ ತಾಈ ಹತ್ತಿರ ಹೋಗಿ ಕೇಳಿದೆ, ಈ ಸಲ ಹುಲ್ಲು ತೆಗೆಯಲು ಸರಿಯಾದ ದಾರಿ ಯಾವುದು, ಎಲ್ಲಿ ಅರ್ಜಿ ಕೊಡಬೇಕು ಎಂದು. ಅವರು ಹೇಳಿದ ಮೊದಲ ಮಾತು, "ಫೆಬ್ರುವರಿ 15ರಿಂದ ಜೂನ್ 15ರವರೆಗೆ ಅರ್ಜಿಯನ್ನೇ ತರಬೇಡಿ." ಅದು ಇಲ್ಲಿ ವಣವಾ ಕಾಲ, ಕಾಡ್ಗಿಚ್ಚಿನ ನಾಲ್ಕು ತಿಂಗಳು. ಆ ಕಾಲದಲ್ಲಿ ಮಧ್ಯಾಹ್ನದ ಗಾಳಿಯಲ್ಲಿ ತೇವ ಶೇಕಡಾ 20ಕ್ಕಿಂತ ಕೆಳಗಿಳಿಯುವುದುಂಟು. ತೆಳ್ಳನೆಯ ಹುಲ್ಲು ಗಾಳಿಯ ತೇವಕ್ಕೆ ತಕ್ಕಂತೆ ಒಂದೆರಡು ಗಂಟೆಯಲ್ಲೇ ಬದಲಾಗುತ್ತದೆ. ಬೆಳಿಗ್ಗೆ ಏಳಕ್ಕೆ ಹತ್ತದ ಹುಲ್ಲು ಹನ್ನೆರಡಕ್ಕೆ ಪೆಟ್ರೋಲಿನಂತೆ ಹತ್ತುತ್ತದೆ. ಇಲಾಖೆಯವರೂ ಬೆಂಕಿ ರೇಖೆಯ ಹುಲ್ಲು ಸುಡುವುದು ಅದಕ್ಕೇ ಫೆಬ್ರುವರಿಗೆ ಮೊದಲು. ಸುಡಲೇಬೇಕಾದ್ದು ಏನಾದರೂ ಇದ್ದರೆ ಜನವರಿಯೊಳಗೆ, ಬರೆದು ತಿಳಿಸಿ, ನಾವು ಇದ್ದಾಗ ಎಂದರು. "ಆದರೆ ಮೊದಲು ಸುಡದೇ ಎಷ್ಟು ತೆಗೀಬಹುದು ನೋಡಿ ಕಾಕಾ" ಎಂದೂ ಸೇರಿಸಿದರು.

ನೋಡಿದರೆ, ಬಹಳಷ್ಟು ಸುಡದೇ ತೆಗೆಯಬಹುದಿತ್ತು. ನವೆಂಬರಿನಲ್ಲಿ ಹುಲ್ಲು ಅರ್ಧ ಹಸಿ ಇರುವಾಗಲೇ ಕೊಯ್ದರೆ ಅದು ಮೇವು. ಮಾಮಾನ ಮನೆಗೆ ಹೋಗಿ, ಬೇಕಾದಷ್ಟು ಕೊಯ್ದುಕೊಳ್ಳಿ ಎಂದೆ. ಅವರು ಸ್ವಲ್ಪ ಹೊತ್ತು ನನ್ನ ಮುಖ ನೋಡಿ ಆಗಲಿ ಎಂದರು. ನಾಲ್ಕು ದಿನದಲ್ಲಿ ಮುಕ್ಕಾಲು ಪಾಲು ಹುಲ್ಲು ಅವರ ಬಣವೆಗೆ ಹೋಯಿತು. ಈ ಸಲ ಬಣವೆಯನ್ನು ಮಾಳದಲ್ಲಿ ಒಟ್ಟದೆ ಹಟ್ಟಿಯ ಪಕ್ಕ, ಬರಿ ನೆಲದ ನಡುವೆ ಒಟ್ಟಿದರು.

ಡಿಸೆಂಬರಿನಲ್ಲಿ ಬೆಂಕಿ ರೇಖೆ. ಮೇಲಿನ ಬದುವಿಗೂ ಎರಡು ಪಕ್ಕಕ್ಕೂ ಮೂರು ಮೀಟರ್ ಅಗಲ, ಹುಲ್ಲು ಕೊಯ್ದರೆ ಸಾಲದು, ಬೇರು ಕಿತ್ತು ಮಣ್ಣು ಕಾಣಬೇಕು. ಕೂಲಿಯವರು ನಿಲ್ಲುವ ವಾರಜೆ ನಾಕಾದಿಂದ ಸಿಂದಗಿ ಕಡೆಯ ಗಂಡ ಹೆಂಡತಿಯನ್ನು ಕರೆದುಕೊಂಡು ಹೋದೆ. ನನ್ನ ಮಾತು ಕೇಳಿ ಅವರಿಗೂ ಖುಷಿ, ಗುಡ್ಡದ ಇಳಿಜಾರಿನಲ್ಲಿ ಇಡೀ ದಿನ ಕನ್ನಡ. ಎರಡನೆಯ ದಿನ ಆ ಹೆಣ್ಣುಮಗಳು ಗುದ್ದಲಿಗೆ ಆತು ನಿಂತು ಕೇಳಿದಳು, "ಅಣ್ಣಾರ, ಇಷ್ಟೆಲ್ಲಾ ಹೆರದು ಹೆರದು ಯಾವಾಗ ಮುಗೀಬೇಕ್ರಿ? ಒಂದ ಕಡ್ಡಿ ಗೀರಿದ್ರ ಒಂದ ತಾಸಿನ್ಯಾಗ ಸ್ವಚ್ಛ ಆಕ್ಕೈತಿ." ನಾನು ಅವಳನ್ನು ಬದುವಿನ ಮೇಲೆ ಕರೆದುಕೊಂಡು ಹೋಗಿ ಗಡಿಕಲ್ಲಿನ ಆಚೆ ತೋರಿಸಿದೆ. ಒಂದು ಮಳೆಗಾಲ ಕಳೆದರೂ ಕಾರ್ವಿ ಎಂಬ ಪೊದೆಯ ಕಡ್ಡಿಗಳು ಕರಿಯಾಗೇ ನಿಂತಿದ್ದವು. ಇಳಿಜಾರಿನ ಬೂದಿ ಮೊದಲ ದೊಡ್ಡ ಮಳೆಗೇ ತೊಳೆದು ಹೋಗಿ, ಅದರ ಜೊತೆ ಮೇಲ್ಮಣ್ಣೂ ಹೋಗಿ, ಕಲ್ಲು ಎದ್ದಿತ್ತು. ಬೂದಿ ಗೊಬ್ಬರ ಎನ್ನುವುದು ಮಟ್ಟಸ ನೆಲದ ಮಾತು. "ಇದು ನಾ ಹಚ್ಚಿದ್ದು" ಎಂದೆ. ಅವಳು ಏನೂ ಹೇಳದೆ ಕೆಳಗಿಳಿದು ಗುದ್ದಲಿ ಹಿಡಿದಳು. ಆರು ದಿನದ ಕೆಲಸ ಅದು.

ಉಳಿದ ಹುಲ್ಲು, ತರಗು ಹಾಕಲು ಎರಡು ಗುಂಡಿ ತೋಡಿಸಿದೆ. ಎಲೆ, ಸಗಣಿ ರಾಡಿ, ಮಣ್ಣು, ಮತ್ತೆ ಎಲೆ. ಒಣಗಲು ಬಿಡದೆ ವಾರಕ್ಕೊಮ್ಮೆ ನೀರು. ಮಾವಿನ ಬುಡಕ್ಕೂ ತರಗು ಹೊದಿಸಿದ್ದೆ. ತಾಈ ಬಂದು ನೋಡಿ ಅದನ್ನು ತೆಗೆಸಿದರು. ಬೇಸಿಗೆಯಲ್ಲಿ ಒಣ ಹೊದಿಕೆ ಕಾಂಡಕ್ಕೆ ತಾಗಿಕೊಂಡಿದ್ದರೆ ಬೆಂಕಿಗೆ ಏಣಿ ಇಟ್ಟ ಹಾಗೆ. ಕಾಂಡದ ಸುತ್ತ ಎರಡು ಮೊಳ ಬರಿಮಣ್ಣು ಬಿಟ್ಟು ಆಚೆ ಹೊದಿಸಬೇಕು.

ಸುಡಲೇಬೇಕಾದ್ದು ಲಂಟಾನದ ಮುಳ್ಳು ಮಾತ್ರ. ದನ ತಿನ್ನುವುದಿಲ್ಲ, ಕೊಳೆಯಲು ವರ್ಷಗಟ್ಟಲೆ ಬೇಕು. ಜನವರಿ ಎರಡನೆಯ ವಾರದಲ್ಲಿ ದಿನ ಗೊತ್ತಾಯಿತು. ಅರಣ್ಯ ಕಚೇರಿಗೂ ಗ್ರಾಮ ಪಂಚಾಯತಿಗೂ ಬರೆದುಕೊಟ್ಟೆ, ಸುತ್ತಲಿನ ನಾಲ್ಕು ಮನೆಗೆ ಬಾಯಲ್ಲಿ ಹೇಳಿ ಬಂದೆ. ಬೆಳಿಗ್ಗೆ ಏಳಕ್ಕೆ, ಇಬ್ಬನಿ ಇನ್ನೂ ಹುಲ್ಲಿನ ಮೇಲಿರುವಾಗ ಶುರು. 200 ಲೀಟರಿನ ಎರಡು ಡ್ರಮ್ ನೀರು, ಔಷಧಿ ಹೊಡೆಯುವ ಪಂಪನ್ನು ತೊಳೆದು ಬರಿ ನೀರು ತುಂಬಿದ್ದು, ಹಸಿ ಟೊಂಗೆ, ಗುದ್ದಲಿ, ಐದು ಜನ. ಗುಡ್ಡೆ ಸೊಂಟಮಟ್ಟಕ್ಕಿಂತ ಎತ್ತರವಿಲ್ಲ, ಸುತ್ತ ಬರಿನೆಲ, ಒಂದು ಪೂರ್ತಿ ಆರಿದ ಮೇಲೇ ಇನ್ನೊಂದು. ಮೇಲಿನದರಿಂದ ಹಚ್ಚುತ್ತ ಕೆಳಗೆ ಬಂದೆವು. ಹಿಂದಿನ ವರ್ಷ ನಾನು ಮಾಡಿದ್ದು ಸರಿಯಾಗಿ ಇದರ ಉಲ್ಟಾ.

ಒಂಬತ್ತೂವರೆಗೆ ಉರಿ ಮುಗಿದಿತ್ತು, ಕೆಲಸ ಮುಗಿದಿರಲಿಲ್ಲ. ನೀರು ಹೊಯ್ದು, ಗುದ್ದಲಿಯಿಂದ ಬೂದಿಯನ್ನು ಮಣ್ಣಿನ ಜೊತೆ ಕಲಸಿ, ಮತ್ತೆ ನೀರು. ಆಮೇಲೆ ತಾಈ ಕೈಗವಸು ಕಳಚಿ, ಮುಂಗೈಯನ್ನು, ಅಂದರೆ ಅಂಗೈಯ ಹಿಂಬದಿಯನ್ನು, ಬೂದಿಯ ಮೇಲೆ ಇಟ್ಟು ತೋರಿಸಿದರು. ಅಂಗೈ ಗಟ್ಟಿಯಾಗಿರುತ್ತದೆ, ಬಿಸಿ ತಿಳಿಯುವುದು ಮುಂಗೈಗೆ. ಒಂದೊಂದು ಗುಡ್ಡೆಯ ಜಾಗದಲ್ಲೂ ಐದಾರು ಕಡೆ ಇಟ್ಟು ನೋಡಬೇಕು. ಮಣ್ಣಿನೊಳಗಿನ ಬೇರಿಗೆ ಬೆಂಕಿ ಹತ್ತಿದ್ದರೆ ಅದು ಹೊಗೆಯಿಲ್ಲದೆ ಒಳಗೊಳಗೇ ಎರಡು ಮೂರು ದಿನ ಸಾಗಿ, ಇನ್ನೆಲ್ಲೋ ಎದ್ದೇಳಬಹುದು. ಸಂಜೆಯವರೆಗೆ ಅಲ್ಲೇ ಕುಳಿತೆವು. ಮಧ್ಯಾಹ್ನ ಮಾಮಾನ ಮನೆಯಿಂದ ಐದು ಜನಕ್ಕೂ ಭಾಕರಿ, ಪಿಠಲಾ ಬಂತು.

ಅವತ್ತೇ ಫೋನಿನಲ್ಲಿ ಸರ್ವೇಕ್ಷಣ ಸಂಸ್ಥೆಯ ಎಚ್ಚರಿಕೆಗೆ ಹೆಸರು ನೋಂದಾಯಿಸಿದೆ. ಅದು ಇಲಾಖೆಯವರಿಗೆ ಮಾತ್ರ ಅಲ್ಲ, ಯಾರು ಬೇಕಾದರೂ ತಮ್ಮ ಜಿಲ್ಲೆ ಆರಿಸಿಕೊಳ್ಳಬಹುದು. ಮಹಾರಾಷ್ಟ್ರದ ಅರಣ್ಯ ಇಲಾಖೆಯ ಹೆಲ್ಪ್‌ಲೈನ್ 1926 ಕೂಡ ಇಟ್ಟುಕೊಂಡೆ. ಫೆಬ್ರುವರಿ ಕೊನೆಯಿಂದ ಸಂದೇಶ ಬರತೊಡಗಿದವು. ಒಂದೊಂದು ದಿನ ಜಿಲ್ಲೆಯಲ್ಲಿ ಎಷ್ಟೊಂದು ಚುಕ್ಕೆ. ಊಟಕ್ಕೆ ಕುಳಿತಾಗ ಫೋನ್ ಕುಂಯ್ ಎಂದರೆ ಹೆಂಡತಿ ನನ್ನ ಮುಖ ನೋಡುತ್ತಿದ್ದಳು.

ಈ ವರ್ಷ ಮಾರ್ಚ್ ಕೊನೆಯಲ್ಲಿ ನಮ್ಮ ಗುಡ್ಡದ ಸರದಿ ಬಂತು. ಮೊದಲು ತಿಳಿಸಿದ್ದು ಉಪಗ್ರಹವಲ್ಲ. ರಾತ್ರಿ ಹತ್ತಕ್ಕೆ ಮಾಮಾನ ಫೋನ್, ನೆತ್ತಿಯ ಆಚೆ ಮಗ್ಗುಲಿನಿಂದ ಬೆಂಕಿ ಇಳಿಯುತ್ತಿದೆ ಎಂದು. ಹೋದ ವರ್ಷದ ಆ ದಿನದಿಂದ ಅವರಾಗಿ ಮಾಡಿದ ಮೊದಲ ಫೋನ್. 1926ಕ್ಕೆ ಹೇಳಿ, ತಾಈಗೆ ಹೇಳಿ, ಕಾರು ತೆಗೆದೆವು. ಚಾಂದನಿ ಚೌಕ ದಾಟಿ ಪಿರಂಗುಟ್ ಘಾಟ್ ಇಳಿಯುವಾಗಲೇ ದೂರದ ಗುಡ್ಡದ ಮೇಲೆ ಆ ಕೆಂಪು ದಾರ ಕಂಡಿತು. ಮುಂಡರಗಿಯ ಅಂಗಳದಿಂದ ಕಾಣುತ್ತಿದ್ದ ಅದೇ ದಾರ. ಈ ಸಲ ನೋಡಿ ಮಲಗುವ ಹಾಗಿರಲಿಲ್ಲ.

ನಾವು ಮುಟ್ಟಿದಾಗ ಹನ್ನೊಂದೂಕಾಲು. ರಾತ್ರಿಯ ಗಾಳಿ ಗುಡ್ಡದಿಂದ ಕೆಳಗೆ ಬೀಸುತ್ತದೆ, ಆದರೂ ಬೆಂಕಿ ಇಳಿಯುವುದು ಹತ್ತುವಷ್ಟು ವೇಗದಲ್ಲಿ ಅಲ್ಲ. ತಾಈಯ ತಂಡ ಬ್ಲೋವರ್ ಹಿಡಿದು ಮೇಲೆಯೇ ಎಲೆ ಸರಿಸುತ್ತ ಅದನ್ನು ಎರಡಾಗಿ ಒಡೆದಿತ್ತು. ಒಂದು ಕವಲು ಮಾಮಾನ ಮಾಳಕ್ಕೆ ಇಳಿದು, ಕೊಯ್ದ ಹುಲ್ಲಿನ ಕೂಳೆಯಲ್ಲಿ ಗೇಣುದ್ದ ಉರಿಯಾಗಿ ಬಂದು, ನಮ್ಮ ಬೆಂಕಿ ರೇಖೆಯ ಮಣ್ಣಿಗೆ ಬಂದು ನಿಂತಿತು. ನನ್ನ ಕಣ್ಣ ಮುಂದೆಯೇ ನಿಂತಿತು. ಕೊನೆಯ ಹುಲ್ಲು ಬಾಗಿ ಕೆಂಪಾಗಿ, ಕರಿಯಾಗಿ, ಅಷ್ಟೇ. ಮೂರು ಮೀಟರ್ ಬರಿಮಣ್ಣಿನ ಈ ಕಡೆ ನಾನು.

ಆದರೆ ಬಡಗಣ ಮೂಲೆಯಲ್ಲಿ ಮಳೆನೀರು ಹರಿಯುವ ಸಣ್ಣ ಹಳ್ಳ ರೇಖೆಯನ್ನು ಅಡ್ಡ ಹಾಯುತ್ತದೆ. ಡಿಸೆಂಬರಿನಲ್ಲಿ ಅದನ್ನೂ ಗುಡಿಸಿದ್ದೆವು. ಮೂರು ತಿಂಗಳ ಗಾಳಿಗೆ ತರಗೆಲೆ ಮತ್ತೆ ಮೊಣಕಾಲುಮಟ್ಟ ತುಂಬಿತ್ತು, ನಾನು ಫೆಬ್ರುವರಿಯಲ್ಲಿ ಹೋಗಿ ನೋಡಿರಲಿಲ್ಲ. ಬೆಂಕಿ ಹಳ್ಳ ಹಿಡಿದು ಒಳಗೆ ಬಂತು. ಏಳು ಮಾವಿನ ಸಸಿ ಹೋದವು. ಮಾಮಾ, ಅವರ ಮಗ, ನಾವಿಬ್ಬರು, ಇನ್ನಿಬ್ಬರು ಟೊಂಗೆ ಒತ್ತಿ ಎಳೆದು, ಪಂಪು ಹೊಡೆದು ಆರಿಸುವಷ್ಟರಲ್ಲಿ ಎರಡು ಗಂಟೆ. ಉಪಗ್ರಹದ ಸಂದೇಶ ಬಂದದ್ದು ಬೆಳಗಾದ ಮೇಲೆ. ಮನೆಯ ಗೋಡೆಯ ಮೇಲಿನ ಕಾಲನಿರ್ಣಯ ಕ್ಯಾಲೆಂಡರಿನಲ್ಲಿ ಈಗ ಫೆಬ್ರುವರಿ 10ಕ್ಕೂ ಒಂದು ಗುರುತಿದೆ, ಹಳ್ಳ ಗುಡಿಸುವುದಕ್ಕೆ.

ಹಳ್ಳದ ದಂಡೆಯಲ್ಲಿ ಹಳೆಯ ಮರದ ಮೋಟು ಒಂದಿದೆ. ಬೆಳಗಿನ ಜಾವ ಅದರ ಬುಡದಿಂದ ನೂಲಿನಷ್ಟು ತೆಳ್ಳಗೆ ಹೊಗೆ ಬರುತ್ತಿತ್ತು. ಗುದ್ದಲಿಯಿಂದ ಬುಡ ಕೆದರಿ, ಉಳಿದ ನೀರೆಲ್ಲ ಹೊಯ್ದು, ಮಣ್ಣು ಕಲಸಿದೆ. ಹೊಗೆ ನಿಂತಿತು. ಮುಂಗೈ ಇಟ್ಟು ನೋಡಿದೆ. ಇನ್ನೂ ಬಿಸಿ ಇತ್ತು. ತಿರುಗಿ ನೋಡಿದರೆ ಮಾಮಾ ಆಗಲೇ ಕೊಡ ಹಿಡಿದು ಕೆಳಗಿನ ಬಾವಿಯ ಕಡೆ ಇಳಿಯುತ್ತಿದ್ದರು.